ಮಣ್ಣು ಮುಟ್ಟದೆ ಮಾಡಿದ ಹೂಜಿ

ಕುಂಬಾರರೊಬ್ಬರು ಇಸ್ತ್ರಿ ಮಾಡಿದ ಅಚ್ಚಬಿಳಿ ನಿಲುವಂಗಿ ತೊಟ್ಟು ತಿಗರಿಯ ಮುಂದೆ ಬಂದು ಕುಳಿತರೆ ನೀವೇನು ಮಾಡುತ್ತೀರಿ?

ನನ್ನ ಸೊಸೆ ವಿದ್ಯಾ ಕ್ಯಾಮೆರಾ ಕೆಳಗಿಳಿಸಿದಳು. ನಾನು ವಾಚ್ ನೋಡಿಕೊಂಡೆ. (ನನ್ನನ್ನು ಬಲ್ಲ ನಿಮಗೆ ಇದು ಹೊಸದಲ್ಲ.)

ಕಳೆದ ಶುಕ್ರವಾರ, ಕೊಲ್ಲಿ ನಾಡಿನಲ್ಲಿ ನಾವಿರುವ ರೂವಿಯಿಂದ ನಸುಕಿಗೇ ಹೊರಟು ಬಹ್ಲಾ ತಲುಪಿದ್ದೆವು. ಅದು ವಿದ್ಯಾಳ ಆಫೀಸಿನ ಗೆಳತಿ ಮೋಜಾಳ ಊರು. ಅವಳ ಅಪ್ಪ ಸಯೀದ್ ಹೂಜಿ ಮಾಡುವುದನ್ನು ಶೂಟ್ ಮಾಡಬೇಕಿತ್ತು. ಮುಂದಿನ ವಾರ ಅವರ ಮಂಡಿಗೆ ಆಪರೇಷನ್. ಆಮೇಲೆ ತಿಗರಿ ಒದೆಯುವಂತಿಲ್ಲ ಎಂದಿದ್ದಾರೆ ಡಾಕ್ಟರು. ಮೋಜಾಳಿಗೆ ಅಪ್ಪನ ಕೈ ಕೆಲಸ ಉಳಿಯಬೇಕು, ಅಷ್ಟೆ.

"ಬಾಬಾ, ಕೆಲಸದ ಬಟ್ಟೆ ಎಲ್ಲಿ?" ಮೋಜಾ ಕೇಳಿದಳು.

"ಮರಿಮಕ್ಕಳು ನೋಡುವ ಪಿಕ್ಚರ್ ಇದು. ಕೊಳಕಾಗಿ ಕೂರಲಾ?" ಎಂದರು ಸಯೀದ್, ನನಗೂ ತಿಳಿಯಲೆಂದು ಹಿಂದಿಯಲ್ಲಿ.

"ಮತ್ತೆ ಮಣ್ಣು?"

"ಈ ಬಟ್ಟೆಯಲ್ಲಿ ಮುಟ್ಟಲಾ? ಬಟ್ಟೆ ಖಲಾಸ್!"

"ಅಂಕಲ್, ನೀವಾದರೂ ಹೇಳಿ."

ಏನು ಹೇಳಲಿ? ನಾನು ಬನಿಯನ್‌ನಲ್ಲಿ ಫೋಟೋಗೆ ನಿಲ್ಲುತ್ತೇನೆಯೇ? "ಅವರು ಹೇಳುವುದು ಸರಿ" ಎಂದೆ.

"ಮಾವ, ನೀವು ಯಾವ ಪಾರ್ಟಿ?" ವಿದ್ಯಾ ಸಿಡುಕಿದಳು.

ಖರ್ಜೂರ ಬಂತು, ಕಾಫಿ ಬಂತು. ಒದ್ದೆ ಗೋಣಿಯ ಕೆಳಗೆ ಮಣ್ಣು ಕಾಯುತ್ತಿತ್ತು. ಬಿಸಿಲು ಹೊಸ್ತಿಲು ದಾಟಿ ಮೆಲ್ಲಗೆ ಒಳಗೆ ಬಂತು. ನನ್ನ ಟೈಮ್‌ಟೇಬಲ್ ಎಲ್ಲೋ ಕರಗಿಹೋಗಿತ್ತು. ಸುಮ್ಮನೆ ಕೇಳಿದೆ: "ಮೋಜಾಳ ಅಮ್ಮ ನೀರು ತುಂಬಿಡುತ್ತಿದ್ದ ಹೂಜಿ ಎಷ್ಟು ದೊಡ್ಡದಿತ್ತು?"

"ಇಷ್ಟು" ಎಂದು ಸಯೀದ್ ಕೈ ಅಗಲಿಸಿದರು.

ಆ ಕೈ ಅಲ್ಲಿಗೇ ನಿಲ್ಲಲಿಲ್ಲ. ಗಾಳಿಯಲ್ಲೇ ದುಂಡಗೆ ಸುತ್ತಿ ಮೇಲೇರಿತು. ಹೊಟ್ಟೆ ಉಬ್ಬಿತು, ಕತ್ತು ಕಿರಿದಾಯಿತು, ಹೆಬ್ಬೆರಳು ಅಂಚನ್ನು ಮಡಿಸಿತು. ಬಿಳಿ ನಿಲುವಂಗಿಯ ಕೆಳಗೆ ನೋವಿನ ಕಾಲು, ಕಾಣದ ಚಕ್ರವೊಂದನ್ನು ಮೆಲ್ಲಗೆ ಒದೆಯುತ್ತಿತ್ತು. ವಿದ್ಯಾ ಸದ್ದಿಲ್ಲದೆ ಕ್ಯಾಮೆರಾ ಎತ್ತಿದ್ದಳು. ಮೋಜಾ ನೆಲದ ಮೇಲೆ ಕುಳಿತೇಬಿಟ್ಟಳು.

ಸಯೀದ್ ಇಲ್ಲದ ದಾರದಿಂದ ಹೂಜಿಯ ಅಡಿ ಕೊಯ್ದು, ಎತ್ತಿ, ನನ್ನತ್ತ ಚಾಚಿದರು. "ನಿಧಾನ. ಇನ್ನೂ ಹಸಿ."

ನಾನು ಎರಡೂ ಕೈಯಲ್ಲಿ ತೆಗೆದುಕೊಂಡೆ. (ನಗಬೇಡಿ. ಭಾರವಿತ್ತು.) ನೆರಳು ಹುಡುಕಿ ಇಡಲು ಬಗ್ಗಿದೆ.

"ಬಾಬಾ, ಕಿವಿ ಮರೆತೆಯಲ್ಲ! ತೂಗುಹಾಕಲು ಹಗ್ಗ ಎಲ್ಲಿಗೆ ಕಟ್ಟೋದು?" ನೆಲದಿಂದಲೇ ಮೋಜಾ ಕೂಗಿದಳು.

ಸಯೀದ್ ನನ್ನಿಂದ ಹೂಜಿ ವಾಪಸ್ ಪಡೆದು, ಎರಡೂ ಕಡೆ ಕಿವಿ ಅಂಟಿಸಿ, ಮಗಳ ಮಡಿಲಲ್ಲಿ ಇಟ್ಟರು. ನಿಲುವಂಗಿಯ ಮೇಲೆ ಒಂದು ಕಲೆಯೂ ಇರಲಿಲ್ಲ.

"ಇನ್ನೊಮ್ಮೆ ಬಂದು ಮಣ್ಣಲ್ಲಿ ಶೂಟ್ ಮಾಡೋಣವಾ?" ವಿದ್ಯಾ ಕೇಳಿದಳು.

ಮೋಜಾ ಮಡಿಲಿನಿಂದ ಕೈ ತೆಗೆಯದೆ, ಬೇಡ ಎಂದು ತಲೆಯಾಡಿಸಿದಳು.

ಸರಿ ತಾನೆ? ಆ ಹೂಜಿಯನ್ನು ಇನ್ನು ಯಾರು ಒಡೆಯಬಲ್ಲರು?