ಕುಂಕುಮ ಹಚ್ಚಿದ ಕಾನೂನು ಪುಸ್ತಕ

ನಮ್ಮ ಮಾವನವರ ಪುಸ್ತಕದ ಬೀರುವಿಗೆ ಮೂರು ಖಾನೆ. ಕೆಳಗೆ ಚರಿತ್ರೆ, ಸಂಸ್ಕೃತಿ, ನಡುವೆ ರಾಜಕೀಯ, ಮೇಲೆ ಕಾನೂನು. ಮಾವ ಶ್ರೀರಂಗಪಟ್ಟಣದ ಕೋರ್ಟಿನಲ್ಲಿ ವಕೀಲರು. ಪಾಂಡವಪುರದ ಹತ್ತಿರದ ನಮ್ಮ ಹಳ್ಳಿಯಿಂದ ದಿನಾ ಸ್ಕೂಟರಿನಲ್ಲಿ ಹೋಗಿ ಬರುತ್ತಿದ್ದರು. ಕೆ.ಆರ್. ಪೇಟೆಯಲ್ಲಿ ಬಿ.ಎ. ಮುಗಿಸಿ ಸೊಸೆಯಾಗಿ ಬಂದ ನನಗೆ ಮೊದಲ ವಾರವೇ ಅಪ್ಪಣೆಯಾಯಿತು: ಕೆಳಗಿನ ಖಾನೆಯಲ್ಲಿ ಎಷ್ಟು ಬೇಕಾದರೂ ಓದಿಕೋ. ಸತ್ತ ರಾಜರು ಯಾರ ತಂಟೆಗೂ ಬರುವುದಿಲ್ಲ ಎಂದು ಅವರ ಲೆಕ್ಕ. ನಡುವಿನ ಖಾನೆ ನನ್ನ ಗಂಡನಿಗೆ ಮತ್ತು ಮನೆಗೆ ಬರುವ ಪಕ್ಷದವರಿಗೆ. ಮೇಲಿನದು ಅವರೊಬ್ಬರಿಗೇ. ಧೂಳು ಹೊಡೆಯುವಾಗ ಮಾತ್ರ ಮೂರೂ ನನ್ನ ಪಾಲಿಗಿದ್ದವು.

ಮಾವ ತಿಳಿದಷ್ಟು ಸಾಧುವಲ್ಲ ಚರಿತ್ರೆ. ಯಾವ ಕೆರೆಯನ್ನು ಯಾರಿಗಾಗಿ ತೋಡಿಸಿದರು, ಯಾವ ತೋಪನ್ನು ಊರಿನ ಎಲ್ಲರಿಗೂ ಎಂದು ನೆಡಿಸಿದರು, ಆಮೇಲೆ ಅದು ಯಾರ ಹೊಟ್ಟೆ ಸೇರಿತು, ಎಲ್ಲ ಅದರಲ್ಲೇ ಇರುತ್ತದೆ. ಓದುತ್ತಾ ಓದುತ್ತಾ ನನ್ನ ಕಣ್ಣು ಮೇಲಿನ ಖಾನೆಗಳ ಕಡೆ ಏರತೊಡಗಿತು.

ಅಷ್ಟರಲ್ಲಿ ಗ್ರಾಮ ಪಂಚಾಯಿತಿಯಲ್ಲಿ ನಮ್ಮ ಕ್ಷೇತ್ರ ಹೆಂಗಸರಿಗೆ ಮೀಸಲಾಯಿತು. ಅರ್ಜಿ ತಂದು ನನ್ನ ಮುಂದಿಟ್ಟವರು ಮಾವನೇ. ನಾನು ಗೆದ್ದೆ, ಹಾರ ಬಿದ್ದದ್ದು ಅವರ ಕೊರಳಿಗೆ. ಸಭೆಗೆ ಹೋಗಿ ನನ್ನ ಕುರ್ಚಿಯಲ್ಲಿ ಕೂರುತ್ತಿದ್ದವರೂ ಅವರೇ. ಸಂಜೆ ಜವಾನ ಹಾಜರಿ ಪುಸ್ತಕವನ್ನು ಮನೆಗೆ ತರುತ್ತಿದ್ದ. ಒಲೆ ಮುಂದೆ ಕೂತವಳು ಸೆರಗಿಗೆ ಕೈ ಒರೆಸಿಕೊಂಡು ಸಹಿ ಹಾಕಬೇಕು. ಸುತ್ತಲಿನ ಊರುಗಳಲ್ಲೂ ಹೀಗೇ ಎಂದು ಸಮಾಧಾನ ಹೇಳುತ್ತಿದ್ದರು. ನೆನೆದರೆ ಈಗಲೂ ಮೈ ಉರಿಯುತ್ತದೆ.

ಆ ವರ್ಷದ ದಸರೆಯ ಹೊತ್ತಿಗೆ ಊರ ಗುಂಡುತೋಪಿನ ಮಾತು ಬಂತು. ಅಲ್ಲಿನ ಹುಣಸೆಮರಗಳ ಹಣ್ಣನ್ನು ಹೊಲವಿಲ್ಲದ ಮನೆಯವರು ಆಯ್ದುಕೊಳ್ಳುವುದು ಹಿಂದಿನಿಂದ ಬಂದ ರೂಢಿ. ಆ ಮರ ಕಡಿಸಿ, ಜಾಗವನ್ನು ಮಾವನ ತಮ್ಮನ ಮಗನ ಆಲೆಮನೆಗೆ ಕೊಡುವುದೆಂದು ದೊಡ್ಡವರು ಮಾತಾಡಿಕೊಂಡಿದ್ದರು. ಊಟಕ್ಕೆ ಕೂತಾಗ ಮಾವ ಅದನ್ನು ಹೇಳಿದರು. ಈ ಸಲ ಸಭೆಗೆ ನಾನೇ ಹೋಗುತ್ತೇನೆ, ಬೇಡ ಅನ್ನುತ್ತೇನೆ ಎಂದೆ. ಅವರು ನಕ್ಕರು. ಬೇಡ ಅನ್ನುವುದಕ್ಕೂ ಕಾನೂನು ಗೊತ್ತಿರಬೇಕು ತಾಯಿ ಎಂದರು. ಹಾಗಾದರೆ ಪಂಚಾಯಿತಿ ಕಾಯಿದೆಯ ಪುಸ್ತಕ ಕೊಡಿ ಎಂದು ಕೇಳಿದೆ.

ಮಾರನೆಯ ದಿನ ಸಪ್ತಮಿ, ಸರಸ್ವತಿ ಪೂಜೆ. ಬೆಳಗ್ಗೆಯೇ ಮಾವ ಎಲ್ಲಕ್ಕಿಂತ ಮೊದಲು ಆ ಪುಸ್ತಕವನ್ನು ತಂದು ದೇವರ ಮುಂದೆ ಇಟ್ಟರು. ಪೂಜೆಗಿಟ್ಟ ಪುಸ್ತಕವನ್ನು ವಿಜಯದಶಮಿಯವರೆಗೆ ಮುಟ್ಟುವಂತಿಲ್ಲ. ಸಭೆ ಇದ್ದದ್ದು ಅಷ್ಟಮಿಯ ದಿನ. ಬೀರುವಿಗೆ ಬೀಗ ಹಾಕಿದ್ದರೆ ನಾನು ಜಗಳವಾಡುತ್ತೇನೆಂದು ಗೊತ್ತಿತ್ತು, ಅದಕ್ಕೇ ದೇವರನ್ನೇ ಬೀಗ ಮಾಡಿದ್ದರು. ವಕೀಲಬುದ್ಧಿ ಎಂದರೆ ಅದು.

ಅಷ್ಟಮಿಯ ಬೆಳಗ್ಗೆ ಅತ್ತೆಗೆ ನೇರವಾಗಿ ಹೇಳಿದೆ: ನಾನು ಪುಸ್ತಕ ತೆಗೆಯುತ್ತೇನೆ, ಪಾಪ ಬಂದರೆ ನನಗೇ ಬರಲಿ. ಅತ್ತೆಗೆ ಓದು ಬಾರದು. ಆದರೆ ದೇವರ ಕೋಣೆ ಪೂರಾ ಅವರ ಸುಪರ್ದು; ಮಾವನಿಗೆ ಬತ್ತಿ ಎಲ್ಲಿದೆ ಎಂದೂ ಗೊತ್ತಿರಲಿಲ್ಲ. ಅತ್ತೆ ಕೈಕಾಲು ತೊಳೆದು ಬಂದು ಮಂಗಳಾರತಿ ಎತ್ತಿದರು. ಕಳಶವನ್ನು ಎರಡೂ ಕೈಯಲ್ಲಿ ಹಿಡಿದು ಒಂದಿಷ್ಟು ಪಕ್ಕಕ್ಕೆ ಸರಿಸಿದರು.

"ಕಳಸ ಕದಲ್ಸಿವ್ನಿ. ಪೂಜೆ ಮುಗೀತು," ಎಂದರು. "ಈಗ ತಕ, ಯಾವ ಪಾಪನೂ ಇಲ್ಲ. ಮದ್ವೆಗ್ ಮುಂಚೆ ನಾನೂ ನಮ್ಮೂರ್ ತೋಪ್ನಲ್ಲಿ ಉಣ್ಸೆಣ್ಣು ಆಯ್ದೋಳೇ ಕಣವ್ವ."

ದೇವರಿಗೆ ನಾಳೆ ತಾನು ಹೇಳಿಕೊಂಡು ಮತ್ತೆ ಕಳಶ ಕೂರಿಸುತ್ತೇನೆ ಎಂದೂ ಸೇರಿಸಿದರು. ನಾನು ಅಲ್ಲೇ ನೆಲದ ಮೇಲೆ ಕೂತು, ಸಭೆಯ ಹೊತ್ತಾಗುವ ತನಕ ಓದಿದೆ.

ಪಂಚಾಯಿತಿ ಕಚೇರಿಗೆ ಹೋದಾಗ ಮಾವ ಆಗಲೇ ಕೂತಿದ್ದರು.

"ಮಾವ, ಅದು ನನ್ ಕುರ್ಚಿ. ನೀವು ಒರ್ಗೆ ಕುಂತ್ಕಳಿ," ಎಂದೆ.

ಅಧ್ಯಕ್ಷರು ನಗುತ್ತಾ, ಮನೆ ಜಗಳ ಮನೆಯಲ್ಲೇ ಇಟ್ಟುಕೊಳ್ಳಮ್ಮ ಎಂದರು. ನಾನು ಮೇಜಿನ ಮೇಲೆ ಪುಸ್ತಕ ಬಿಚ್ಚಿದೆ. ಹಾಳೆಯ ನಡುವಿನಿಂದ ಅಕ್ಷತೆ ಉದುರಿತು. ಬೇರೆ ಪುಸ್ತಕವಾಗಿದ್ದರೆ ಪಕ್ಕಕ್ಕೆ ತಳ್ಳುತ್ತಿದ್ದರೇನೋ. ಕುಂಕುಮ ಹಚ್ಚಿದ್ದನ್ನು ತಳ್ಳಲು ಯಾರಿಗೂ ಕೈ ಬರಲಿಲ್ಲ. ಸದಸ್ಯರ ಸಭೆಯಲ್ಲಿ ಮತ ಸದಸ್ಯರದ್ದೇ ಎಂಬುದನ್ನು ಓದಿದೆ. ನಾನು ಓದಿದ್ದು ಸರಿ ಎಂದು ಆ ಕೋಣೆಯಲ್ಲಿ ಎಲ್ಲರಿಗಿಂತ ಚೆನ್ನಾಗಿ ಗೊತ್ತಿದ್ದವರು ಮಾವ. ಅವರು ಎದ್ದು ಹೊರಗೆ ಹೋದರು. ನಾನು ಕೂತೆ.

ತೋಪು ಕೊಡುವುದಕ್ಕೆ ನನ್ನ ವಿರೋಧವಿದೆ, ಬರೆದುಕೊಳ್ಳಿ ಎಂದೆ. ಆಮೇಲೆ ಸೈಕಲ್ ಅಂಗಡಿ ಇಟ್ಟಿದ್ದ ಮುಸ್ಲಿಂ ಸದಸ್ಯರೊಬ್ಬರು ತಮ್ಮದೂ ವಿರೋಧ ಎಂದು ಬರೆಸಿದರು. ಅವರ ಹಿಂದೆ ಇನ್ನೂ ಕೆಲವರು ಗಂಟಲು ಸರಿಮಾಡಿಕೊಂಡರು. ಮುಂದಿನ ಸಭೆಗೆ ನೋಡೋಣ ಎಂದು ಅಧ್ಯಕ್ಷರು ವಿಷಯ ಕೈಬಿಟ್ಟರು. ಮುಂದಿನ ಯಾವ ಸಭೆಯಲ್ಲೂ ಅದನ್ನು ಎತ್ತುವ ಧೈರ್ಯ ಅವರಿಗೆ ಬರಲಿಲ್ಲ.

ಮನೆಯಲ್ಲಿ ಮಾವ ಮಾತು ಬಿಟ್ಟರು. ಬಿಡಲಿ ಎಂದು ನಾನೂ ಸುಮ್ಮನಿದ್ದೆ.

ವಿಜಯದಶಮಿಯ ದಿನ ಪೂಜೆಯ ಪುಸ್ತಕವನ್ನು ಮನೆಯವರೆಲ್ಲ ನಾಲ್ಕು ಸಾಲಾದರೂ ಓದಬೇಕು, ವಿದ್ಯೆ ಉಳಿಯಲಿ ಎಂದು. ಮೊದಲು ಓದುವುದು ಮಾವ. ಆ ವರ್ಷ ಕರೆದರೂ ಬರಲಿಲ್ಲ. ಜಗಲಿಯ ಮೇಲೆ ಪೇಪರ್ ಅಗಲಿಸಿ ಕೂತರು. ಪ್ರತಿವರ್ಷ ಪುಸ್ತಕವನ್ನು ಕಣ್ಣಿಗೊತ್ತಿಕೊಂಡು ಎದ್ದುಹೋಗುತ್ತಿದ್ದ ಅತ್ತೆ, ಈ ಸಲ ಕಾಯಿದೆಯ ಪುಸ್ತಕವನ್ನು ತಂದು ನನ್ನ ಮಡಿಲಿಗಿಟ್ಟು ಎದುರಿಗೆ ಕೂತರು.

"ಎಂಗುಸ್ರುಗೆ ಏನೇನ್ ಬರ್ದವ್ರೆ, ಅದ್ನ ಓದು," ಎಂದರು.

ನಾನು ಮೆಲ್ಲಗೆ ಶುರುಮಾಡಿದೆ. ಅತ್ತೆ ನನ್ನ ಮಂಡಿ ತಟ್ಟಿ ನಿಲ್ಲಿಸಿದರು.

"ಇನ್ನೂ ಜೋರಾಗ್ ಓದು. ಜಗ್ಲಿಗಂಟ ಕೇಳ್ಬೇಕು."