ಅರಗು ಹಾಕಿ ಅಂಟಿಸಿದ ಕಾಂಗರೂ ಮರಿಗಳು

ಮೊನ್ನೆ ನಮ್ಮ ಕಾಲೇಜಿನ ಪರೀಕ್ಷಾ ಕೊಠಡಿಯಲ್ಲಿ ಉತ್ತರಪತ್ರಿಕೆಗಳ ಕಟ್ಟುಗಳಿಗೆ ಮುದ್ರೆ ಹಾಕುತ್ತಿದ್ದರು. ಅಟೆಂಡರ್ ಮೇಣದಬತ್ತಿಯ ಉರಿಗೆ ಅರಗಿನ ಕಡ್ಡಿ ಹಿಡಿದರು. ದಾರದ ಗಂಟಿನ ಮೇಲೆ ಕೆಂಪು ಹನಿ ಬಿತ್ತು, ವಾಸನೆ ಎದ್ದಿತು. ಸಹಿ ಮಾಡಬೇಕಿದ್ದ ಹಾಳೆಯನ್ನು ಮೇಜಿನ ಮೇಲೆಯೇ ಬಿಟ್ಟು ನಾನು ಹೊರಗೆ ಬಂದು ನಿಂತೆ. ಕನಕಪುರದ ಈ ಕಾಲೇಜಿಗೆ ಪ್ರಾಣಿಶಾಸ್ತ್ರ ಪಾಠ ಮಾಡಲು ಬಂದು ಮೂರು ವರ್ಷವಾಯಿತು. ನಾನು ಚನ್ನಪಟ್ಟಣದವಳೆಂದು ಇಲ್ಲಿ ಎಲ್ಲರಿಗೂ ಗೊತ್ತು. ನಮ್ಮ ಪಕ್ಕದ ಮನೆಯ ಅಕ್ಕನ ವಿಷಯ ಯಾರಿಗೂ ಹೇಳಿಲ್ಲ.

ಅಕ್ಕ ಬೊಂಬೆ ಮಾಡುತ್ತಿದ್ದಳು. ಅವಳ ಶೆಡ್ಡಿನ ಹಿಂಗೋಡೆಯೇ ನಮ್ಮ ಹಿತ್ತಲಿನ ಗೋಡೆ. ಗೋಡೆಗೂ ತಗಡಿನ ಮಾಡಿಗೂ ನಡುವೆ ಮೊಳದಷ್ಟು ಸಂದು ಇತ್ತು. ಬೊಂಬೆಗೆಂದು ಪೇರಿಸಿಟ್ಟ ಆಲೆಮರದ ತುಂಡುಗಳ ಮೇಲೆ ಹತ್ತಿ ಆ ಸಂದಿಯಿಂದ ಅವಳು ನನ್ನನ್ನು ಮಾತಾಡಿಸುತ್ತಿದ್ದಳು. ಅವಳ ಗಂಡ ಮರ ತರುತ್ತಿದ್ದ, ಆರ್ಡರ್ ಹಿಡಿಯುತ್ತಿದ್ದ, ಹೊಡೆಯುತ್ತಿದ್ದ. ನಮಗೆಲ್ಲ ಕೇಳುತ್ತಿತ್ತು. ಅಪ್ಪ ಒಮ್ಮೆ ಹೋಗಿ ಅವನಿಗೆ ಬುದ್ಧಿ ಹೇಳಿ ಬಂದರು. ಅವತ್ತು ಸಂಜೆ ಏಟು ಹೆಚ್ಚಾಯಿತು. ಆಮೇಲೆ ಅಪ್ಪ ಹೋಗಲಿಲ್ಲ...

ನಾನು ಬಿ.ಎಸ್ಸಿ. ಕೊನೆಯ ವರ್ಷದಲ್ಲಿದ್ದಾಗ ಕಾಂಗರೂ ಆರ್ಡರ್ ಬಂತು. ಪೇಟೆಯ ಬೊಂಬೆ ವ್ಯಾಪಾರಿ ಸಾಬರು ಕೇಳಿದ್ದು ಇಷ್ಟೇ: ತಾಯಿಯ ಹೊಟ್ಟೆಯ ಚೀಲದಲ್ಲಿ ಒಂದು ಮರಿ ಇರಬೇಕು, ಶಾಲೆಯ ಮಕ್ಕಳು ಅದನ್ನು ಹೊರಗೆ ತೆಗೆದು ಮತ್ತೆ ಒಳಗಿಡುವಂತಿರಬೇಕು. ಅಕ್ಕ ಕಾಂಗರೂವನ್ನು ಚಿತ್ರದಲ್ಲಿ ಮಾತ್ರ ನೋಡಿದ್ದಳು. ಬಾಲವನ್ನು ಹಸುವಿನ ಬಾಲದಂತೆ ಸಣ್ಣಗೆ ಮಾಡಿ ಅಂಟಿಸಿದ್ದಳು.

"ಇದ್ಯಾಕವ್ವ ಮಕಾಡೆ ಬೀಳ್ತದೆ? ಒಸಿ ನೋಡು ಬಾ."

ಬಾಲ ಅದಕ್ಕೆ ಐದನೇ ಕಾಲಿದ್ದಂತೆ, ಮೆಲ್ಲಗೆ ನಡೆಯುವಾಗ ಅದನ್ನು ನೆಲಕ್ಕೂರಿಯೇ ಮೈಯನ್ನು ಮುಂದಕ್ಕೆ ತಳ್ಳುತ್ತದೆ ಎಂದು ಹೇಳಿ ಫೋನಿನಲ್ಲಿ ಒಂದು ವಿಡಿಯೋ ತೋರಿಸಿದೆ. ಎರಡು ಗಂಡು ಕಾಂಗರೂಗಳು ಕಾದಾಡುತ್ತಿದ್ದವು. ಮುಂಗೈಯಲ್ಲಿ ಎದುರಿನದರ ಕತ್ತು ಹಿಡಿದು, ಮೈಭಾರವನ್ನೆಲ್ಲ ಬಾಲದ ಮೇಲೆ ಹಾಕಿ, ಎರಡೂ ಹಿಂಗಾಲುಗಳಿಂದ ಹೊಟ್ಟೆಗೆ ಒದೆಯುತ್ತಿದ್ದವು. ಉಗುರು ತಾಗಿದ ಕಡೆ ತುಪ್ಪಳ ಕಿತ್ತು ರಕ್ತ ಬರುತ್ತಿತ್ತು. ಅಕ್ಕ ಕಣ್ಣು ಮಿಟುಕಿಸದೆ ನೋಡಿದಳು.

"ಥೇಟ್ ನಮ್ಮೋರಂಗೇ ಒದೀತದೆ ಕಣವ್ವ. ನಮ್ಮೋರ್ಗೆ ಬಾಲ ಇಲ್ಲ, ಅಷ್ಟೇಯ," ಎಂದು ನಕ್ಕಳು. ಅವಳ ಕೆಳತುಟಿಯ ಗಾಯ ಇನ್ನೂ ಮಾಗಿರಲಿಲ್ಲ. ನಾನೂ ನಕ್ಕೆ.

ದಪ್ಪ ಬಾಲ ಕೂರಿಸಿದ ಮೇಲೆ ಕಾಂಗರೂ ನಿಂತಿತು. ಆಮೇಲೆ ಮರಿಯ ಸರದಿ. ಅವಳಿಗೆ ಆರು ವರ್ಷದ ಮಗಳಿದ್ದಳು. ಮರಿಯ ಕತೆಯನ್ನು ತಾಯಿ ಮಗಳಿಬ್ಬರೂ ಬಾಯಿಬಿಟ್ಟುಕೊಂಡು ಕೇಳಿದರು. ಹುಟ್ಟಿದಾಗ ಅದು ಅವರೆಕಾಳಿನಷ್ಟಿರುತ್ತದೆ, ಕಣ್ಣು ಕಾಣುವುದಿಲ್ಲ, ತಾಯಿಯ ತುಪ್ಪಳ ಹಿಡಿದು ತಾನೇ ಹತ್ತಿ ಚೀಲ ಸೇರುತ್ತದೆ. ಅವು ಇರುವ ದೇಶದಲ್ಲಿ ವಾಹನಕ್ಕೆ ಸಿಕ್ಕಿ ಸತ್ತ ಕಾಂಗರೂ ರಸ್ತೆಯಲ್ಲಿ ಬಿದ್ದಿದ್ದರೆ ಕೆಲವರು ಇಳಿದು ಚೀಲಕ್ಕೆ ಕೈಹಾಕಿ ನೋಡುತ್ತಾರೆ, ಒಳಗೆ ಮರಿ ಬದುಕಿರಬಹುದೆಂದು. ಅದನ್ನು ಮನೆಗೆ ಒಯ್ದು ಬಟ್ಟೆಯ ಚೀಲದಲ್ಲಿಟ್ಟು ಹಾಲು ಕುಡಿಸಿ ಸಾಕುತ್ತಾರೆ.

"ಪುಣ್ಯವಂತ್ರು. ಮತ್ತೆ ನಾಯಿ ಗೀಯಿ ಅಟ್ಟುಸ್ಕಂಡ್ ಬಂದ್ರೆ ಏನ್ ಮಾಡ್ತದೆ ತಾಯಿ?"

ಪರೀಕ್ಷೆಯಲ್ಲಿ ಎರಡು ಅಂಕದ ಪ್ರಶ್ನೆಗೆ ಉತ್ತರ ಬರೆಯುವಂತೆ ಹೇಳಿದೆ. ತಪ್ಪಿಸಿಕೊಳ್ಳಲಾಗದಿದ್ದರೆ ತಾಯಿ ಚೀಲದಿಂದ ಮರಿಯನ್ನು ಎಸೆದುಬಿಡುತ್ತದೆ. ನಾಯಿ ಮರಿಯ ಹತ್ತಿರ ನಿಲ್ಲುತ್ತದೆ, ತಾಯಿ ಓಡಿಹೋಗುತ್ತದೆ. ಹೊಟ್ಟೆಯಲ್ಲಿ ಬೆಳವಣಿಗೆ ನಿಲ್ಲಿಸಿಟ್ಟ ಇನ್ನೊಂದು ಭ್ರೂಣ ಇದ್ದರೆ ಚೀಲ ಖಾಲಿಯಾದ ಮೇಲೆ ಅದು ಬೆಳೆಯಲು ಶುರುವಾಗುತ್ತದೆ.

ಅಕ್ಕ ಮರ ಕಡೆಯುವ ಲೇತಿನ ಮೋಟಾರು ಆರಿಸಿದಳು. "ಎಸೀತದಾ? ಯಾವ ಸೀಮೆ ತಾಯಿಯೇ ಅದು?" ಅವಳ ಕೋಪ ನನ್ನ ಮೇಲೇ ಇದ್ದಂತೆ ಕಂಡಿತು. ಮಗಳನ್ನು ಎಳೆದು ಸೊಂಟಕ್ಕೆ ಒತ್ತಿಕೊಂಡಳು.

ಎರಡು ವಾರದ ಮೇಲೆ ಕರೆದು ತೋರಿಸಿದಳು. ಕೆಂಪು, ಹಳದಿ, ಹಸಿರು ಕಾಂಗರೂಗಳು ಸಾಲಾಗಿ ನಿಂತಿದ್ದವು. ಪ್ರತಿ ಮರಿಯ ಸುತ್ತಲೂ, ಬೊಂಬೆಗೆ ಬಣ್ಣ ಹಚ್ಚುವ ಅರಗನ್ನೇ ಕರಗಿಸಿ ಬಿಟ್ಟು ಚೀಲಕ್ಕೆ ಅಂಟಿಸಿದ್ದಳು. ಉಗುರು ಹಾಕಿದರೂ ಕದಲುತ್ತಿರಲಿಲ್ಲ.

"ಈಗ ಯಾವ ನಾಯಿ ಅಟ್ಟುಸ್ಲಿ ನೋಡಾಣ, ಬೀಳಾಕಿಲ್ಲ. ನಾನ್ ಮಾಡಿದ್ ತಾಯಿ ಎಸೆಯಾಕಿಲ್ಲ."

ಮರಿ ಹೊರಗೆ ಬರುವಂತಿರಬೇಕು ಎಂಬುದು ನನಗೆ ಗೊತ್ತಿತ್ತು. ಅವಳಿಗೂ ಗೊತ್ತಿತ್ತು. ಗಂಡ ಮಾಲನ್ನು ಮೂಟೆ ಕಟ್ಟುವಾಗ ಮರಿಯನ್ನು ತೆಗೆದು ನೋಡುವವನಲ್ಲ ಎಂದೂ ಗೊತ್ತಿತ್ತು. ನಾನು "ಚೆನ್ನಾಗಿದೆ ಅಕ್ಕ" ಅಂದೆ. ಅಷ್ಟೇ ಅಂದೆ...

ಮೂಟೆ ವಾಪಸು ಬಂದದ್ದು ಒಂದು ಮಧ್ಯಾಹ್ನ. ಸಾಬರು ಬೈದಿರಲಿಲ್ಲವಂತೆ, ಮತ್ತೆ ಮಾಡಿಕೊಡಿ ಎಂದಷ್ಟೇ ಹೇಳಿ ಕಳಿಸಿದ್ದರಂತೆ. ಅದು ನಮಗೆ ಆಮೇಲೆ ತಿಳಿಯಿತು. ನಾನು ಹಿತ್ತಲಲ್ಲಿ ಬಟ್ಟೆ ಒಣಗಿಸುತ್ತಿದ್ದೆ. ಮೊದಲು ಬೊಂಬೆಗಳು ಗೋಡೆಗೆ ಬಡಿಯುವ ಸದ್ದು ಬಂತು, ಒಂದರ ಹಿಂದೆ ಒಂದು. ಆಮೇಲೆ ಅವನ ಕೂಗು: "ಯಾರ್ನ್ ಕೇಳಿ ಅಂಟುಸ್ದೆ? ನನ್ ಮಾನ ಕಳೀತೀಯಾ? ಇವತ್ತು ನೀನೂ ಇಲ್ಲ, ನಿನ್ ಮಗ್ಳೂ ಇಲ್ಲ!" ಶೆಡ್ಡಿಗೆ ಒಂದೇ ಬಾಗಿಲು, ಅಲ್ಲಿ ಅವನು ನಿಂತಿದ್ದ. ಮಗು ಕಿರುಚಿತು. ಅದಕ್ಕೆ ಬಿದ್ದ ಏಟಿನ ಸದ್ದು ಬೇರೆ ಥರ ಇತ್ತು, ಚಿಕ್ಕದು.

ಗೋಡೆಯ ಸಂದಿಯಲ್ಲಿ ಮೊದಲು ಮಗುವಿನ ಕಾಲುಗಳು ಕಂಡವು. ಹಿಂದೆಯೇ ಅಕ್ಕನ ಮುಖ. ಹಣೆಯಿಂದ ರಕ್ತ ಇಳಿದು ಒಂದು ಕಣ್ಣು ಮುಚ್ಚಿತ್ತು. ಮಗುವಿನ ಎರಡೂ ರಟ್ಟೆ ಹಿಡಿದು ನಮ್ಮ ಕಡೆಗೆ ಇಳಿಬಿಟ್ಟಳು. "ಇಡ್ಕಳೇ!" ಎಂದಳು. ನಾನು ಓಡಿದೆ. ನಾಲ್ಕು ಹೆಜ್ಜೆ ಉಳಿದಿತ್ತು. ಅಕ್ಕ ಸೊಂಟದವರೆಗೂ ಈಚೆಗೆ ಬಾಗಿದಳು. ಆಗ ಆಚೆಯಿಂದ ಮರದ ತುಂಡಿನ ಏಟು ಬಿತ್ತು. ಮಗು ಬಟ್ಟೆ ಒಗೆಯುವ ಕಲ್ಲಿನ ಮೇಲೆ ಬಿದ್ದು ಮೊಣಕೈ ಮುರಿಯಿತು. ಏಟು ಮತ್ತೆ ಬಿತ್ತು. ಮತ್ತೆ ಬಿತ್ತು. ಅಕ್ಕನ ಎರಡು ಕೈಗಳು ನಮ್ಮ ಗೋಡೆಯ ಮೇಲೆ ನೇತಾಡುತ್ತಿದ್ದವು. ಬಣ್ಣದ ಅರಗು ಉಗುರುಗಳಲ್ಲಿತ್ತು. ಅವನು ಕಾಲು ಹಿಡಿದು ಎಳೆದಾಗ ಆ ಕೈಗಳು ಗೋಡೆಗೆ ತರಚುತ್ತ ಒಳಗೆ ಹೋದವು... ಆಸ್ಪತ್ರೆಗೆ ಒಯ್ಯುವ ದಾರಿಯಲ್ಲಿ ಅವಳು ತೀರಿಕೊಂಡಳು.

ಅವನು ಜೈಲಿಗೆ ಹೋದ. ಕೋರ್ಟಿನಲ್ಲಿ ನಾನು ಕಂಡದ್ದನ್ನು ಕಂಡ ಹಾಗೆ ಹೇಳಿದೆ. ಮರಿಗಳನ್ನು ಅವಳು ಯಾಕೆ ಅಂಟಿಸಿದಳು ಎಂದು ಯಾರೂ ಕೇಳಲಿಲ್ಲ. ನಾನೂ ಹೇಳಲಿಲ್ಲ. ಈಗ ತರಗತಿಯಲ್ಲಿ ಆ ಪಾಠ ಬಂದಾಗ ಇಷ್ಟು ಹೇಳುತ್ತೇನೆ: ಮರಿ ಚೀಲದಿಂದ ಬೀಳುವುದು ನಿಜ. ತಾಯಿ ಬೇಕೆಂದೇ ಎಸೆಯುತ್ತದೋ, ಭಯದ ಓಟದಲ್ಲಿ ಚೀಲದ ಬಾಯಿ ಬಿಗಿಹಿಡಿದ ಸ್ನಾಯು ಸಡಿಲವಾಗುತ್ತದೋ, ಖಚಿತವಾಗಿ ಹೇಳಲಾಗದು. ಅಕ್ಕನಿಗೆ ನಾನು ಖಚಿತವಾಗಿ ಹೇಳಿದ್ದೆ.

ಅರಗಿನ ವಾಸನೆ ಬಂದ ಆ ವಾರದ ಭಾನುವಾರ ಹತ್ತಿರದ ಹಳ್ಳಿ ಮರಳವಾಡಿಗೆ ಹೋದೆ. ಅಕ್ಕನ ಮಗಳು ಅಲ್ಲಿ ಅಜ್ಜಿಯ ಮನೆಯಲ್ಲಿ ಬೆಳೆಯುತ್ತಿದ್ದಾಳೆ, ಈಗ ಒಂಬತ್ತನೇ ಕ್ಲಾಸು. ಬಲಗೈ ಮೊಣಕೈ ಪೂರ್ತಿ ಚಾಚಲು ಬರುವುದಿಲ್ಲ. ಅಜ್ಜಿ ಹಸುವಿಗೆ ಹುಲ್ಲು ಹಾಕಲು ಎದ್ದುಹೋದ ಮೇಲೆ ಹತ್ತಿರ ಸರಿದು ಕುಳಿತಳು.

"ನೀವು ನೋಡಿದ್ರಂತೆ. ನಮ್ಮವ್ವ ನನ್ನ ತಳ್ಳಿಬುಟ್ಲಾ? ಸ್ಕೂಲಲ್ಲಿ ಒಬ್ಳು ಅಂಗಂದ್ಲು."

"ಇಲ್ಲ," ಅಂದೆ. "ತಳ್ಳಲಿಲ್ಲ. ರಟ್ಟೆ ಹಿಡಿದು, ಕೈ ಎಷ್ಟು ಎಟುಕುತ್ತೋ ಅಷ್ಟೂ ಕೆಳಗೆ ಇಳಿಸಿದಳು. ನೀನು ಮೇಲಿನಿಂದ ಬೀಳಬಾರದು ಅಂತ ಸೊಂಟದವರೆಗೂ ಬಾಗಿದ್ದಳು. ಹಿಡಿಯುವುದಕ್ಕೆ ನಾನೇ ತಡ ಮಾಡಿದೆ."

ಅವಳು ತಲೆಯಾಡಿಸಿದಳು. ಅಷ್ಟು ಬಾಗಿದ್ದರಿಂದಲೇ ಅವಳ ತಾಯಿಗೆ ಹಿಂದಕ್ಕೆ ತಿರುಗಲು ಆಗಲಿಲ್ಲ ಎಂಬುದನ್ನು ನಾನು ಹೇಳಲಿಲ್ಲ.