ಹಾಕಬೇಡವೆಂದ ಹೆಸರು

ಬಬಲೇಶ್ವರದ ಸಾಲೆಯಲ್ಲಿ ನಾನು ಮಾಸ್ತರನಾಗಿದ್ದೆ. ಹಾಡು ಬರೆಯುವ ಹುಚ್ಚು ಹತ್ತಿದ್ದು ನಾಟಕದವರಿಂದ. "ಮಾಸ್ತರ್ರ, ಮಂದಿ ಒನ್ಸ್ ಮೋರ್ ಅನ್ನೂವಂಥಾದ್ದೊಂದು ಬರದು ಕೊಡ್ರಿ" ಎಂದರೆ ಉಬ್ಬಿಹೋಗಿ ಬರೆದುಕೊಡುತ್ತಿದ್ದೆ. ಮರುವರ್ಷ ಅದು ಯಾರ ನೆನಪಿನಲ್ಲೂ ಇರುತ್ತಿರಲಿಲ್ಲ.

ಅರವತ್ತರ ದಶಕ ಶುರುವಾಗುವ ಹೊತ್ತಿಗೆ ವಿಜಾಪುರದ ಗಾಂಧಿ ಚೌಕದ ಚಹಾದಂಗಡಿಗಳಲ್ಲಿ ಗ್ರಾಮಫೋನು ಹಾಡತೊಡಗಿತ್ತು. ಅಲ್ಲಿ ಅದರ ಪ್ಲೇಟು ಮಾರುವ ವ್ಯಾಪಾರಿಯೊಬ್ಬನಿಗೆ ಮುಂಬಯಿಯ ಕಂಪನಿಯೊಂದರ ಗುರುತಿತ್ತು. "ನಮ್ಮ ಕಡಿ ಮಾತಿನ ಹಾಡು ಕೇಳ್ತಾರ್ರಿ. ಹಾಡೂವ್ರನ್ನ ನೀವ ಹುಡುಕ್ರಿ, ಕಲಿಸಿ ಕರಕೊಂಡು ಹೋಗ್ರಿ" ಎಂದ. ಹೀಗೆ ಹಾಡು ಬರೆಯುವವನೂ ಪ್ಲೇಟು ಮಾಡಿಸುವವನೂ ನಾನೇ ಆದೆ. ಮೊದಲ ಎರಡು ಪ್ಲೇಟು ಅಂಗಡಿಯ ಕಪಾಟಿನಲ್ಲೇ ಧೂಳು ತಿಂದವು.

ಮೂರನೆಯ ಪ್ಲೇಟಿಗೆ ಹಾಡಿದ ಹೆಣ್ಣುಮಗಳ ದನಿಯನ್ನು ನಾನು ಮೊದಲು ಕೇಳಿದ್ದು ಕಾಖಂಡಕಿಯ ಒಂದು ಮದುವೆಮನೆಯಲ್ಲಿ. ಗಂಡ ಸತ್ತವಳೆಂದು ಅರಿಶಿನದ ಹತ್ತಿರ ಬಿಡದೆ ಹಿತ್ತಲ ಬಾಗಿಲಲ್ಲಿ ಕೂಡಿಸಿದ್ದರು. ಆದರೆ ಹಾಡು ಎತ್ತಿಕೊಡಲು ಆಕೆಯೇ ಬೇಕಾಗಿತ್ತು. ಆಕೆ ಅಲ್ಲಿಂದಲೇ ಎತ್ತಿಕೊಟ್ಟಳು, ಒಳಗಿನ ಮುತ್ತೈದೆಯರು ಹಿಡಿದು ಹಾಡಿದರು.

ಮರುದಿನವೇ ಆಕೆಯ ಅಣ್ಣನ ಮನೆಗೆ ಹೋದೆ. ಹಾಡುವುದು ದೇವರ ಪದ, ಮುಂಬಯಿಗೆ ಜೊತೆಗೆ ನನ್ನ ಹೆಂಡತಿಯೂ ಬರುತ್ತಾಳೆ ಎಂದ ಮೇಲೆ ಅಣ್ಣ ಒಪ್ಪಿದ. ಪ್ಲೇಟಿನ ಇನ್ನೊಂದು ಮಗ್ಗುಲಿಗೆ ಗಂಡ ಹೆಂಡಿರ ಸರಸದ ಹಾಡೊಂದಿದೆ ಎಂಬುದನ್ನು ಆಕೆಗೆ ಮಾತ್ರ ಹೇಳಿದ್ದೆ. ಆಕೆ ಅಣ್ಣನಿದ್ದ ಕಡೆ ನೋಡಿ ದನಿ ತಗ್ಗಿಸಿದಳು.

"ಹಾಡ್ತೀನ್ರಿ. ಆದ್ರ ಹೆಸರು ಹಾಕಬ್ಯಾಡ್ರಿ. ಮಗಳ ಲಗ್ನ ಆಗೂದೈತಿ."

"ಹಾಕೂದಿಲ್ಲ ತಂಗಿ" ಎಂದೆ.

ಮುಂಬಯಿಯಲ್ಲಿ ಎರಡೂ ಹಾಡನ್ನು ಒಂದೇ ಸಲಕ್ಕೆ ಮುಗಿಸಿದಳು. ತನ್ನ ದನಿಯನ್ನು ಯಂತ್ರದಿಂದ ಕೇಳಿ ಬಾಯಿಗೆ ಸೆರಗು ಒತ್ತಿಕೊಂಡು ನಕ್ಕಳು. "ಅಯ್ಯ ಯವ್ವಾ, ಇದು ನಾನ ಏನ್ರಿ!" ಆಕೆ ನಕ್ಕದ್ದನ್ನು ನಾನು ನೋಡಿದ್ದು ಅದೊಂದೇ ಸಲ.

ಆಮೇಲೆ ಕಂಪನಿಯವನು ಕಾಗದ ಮುಂದಿಟ್ಟ. ಬರೆದವನ ಹೆಸರು, ಹಾಡಿದವರ ಹೆಸರು. ಹಾಡಿದವರ ಹೆಸರಿಲ್ಲದ ಪ್ಲೇಟನ್ನು ಅಂಗಡಿಯವರು ಮುಟ್ಟುವುದಿಲ್ಲ, ತಾವೂ ಅಚ್ಚೊತ್ತುವುದಿಲ್ಲ ಎಂದ. ಸುಳ್ಳು ಹೆಸರೊಂದನ್ನು ಬರೆಯಬಹುದಿತ್ತು. ಅದು ಆ ಕ್ಷಣಕ್ಕೆ ಹೊಳೆಯಲಿಲ್ಲ ಎಂದು ಎಷ್ಟೋ ವರ್ಷ ನನಗೆ ನಾನೇ ಹೇಳಿಕೊಂಡಿದ್ದೇನೆ. ನಿಜವೆಂದರೆ, ನನ್ನ ಹೆಸರು ಅಚ್ಚಾಗುವ ಅವಸರದಲ್ಲಿದ್ದೆ. ಆಕೆಯ ಹೆಸರನ್ನೂ ಊರನ್ನೂ ಬರೆದುಕೊಟ್ಟೆ.

ವಾಪಸು ಬರುವಾಗ ರೈಲಿನಲ್ಲಿ ಕೇಳಿದಳು. "ಹೆಸರು ಹಾಕಿಲ್ಲಲ್ರಿ?"

"ಇಲ್ಲ ತಂಗಿ."

ಪ್ಲೇಟು ಬಂತು. ದೇವರ ಪದದ ಮಗ್ಗುಲನ್ನು ಯಾರೂ ತಿರುಗಿಸಲಿಲ್ಲ. ಸರಸದ ಹಾಡು ಗಾಂಧಿ ಚೌಕದಲ್ಲಿ ಬೆಳಗಿನಿಂದ ಸಂಜೆಯ ತನಕ ಕೇಳಿಸುತ್ತಿತ್ತು. ಒಂದು ಸಂತೆಯ ದಿನ ಅರಕೇರಿಯವನೊಬ್ಬ ಚಹಾ ಕುಡಿಯುತ್ತ ಅದನ್ನು ಕೇಳಿ, ಯಾರು ಹಾಡಿದ್ದೆಂದು ಪ್ಲೇಟು ತರಿಸಿ ಓದಿದ. ಅವನು ಆಕೆಯ ಮಗಳಿಗೆ ಗೊತ್ತುಮಾಡಿದ್ದ ವರನ ಸೋದರಮಾವ. ವಾರದೊಳಗೆ ಆ ಸಂಬಂಧ ಮುರಿಯಿತು.

ಆಕೆ ಸಾಲೆಗೇ ಬಂದಳು. ಮಕ್ಕಳನ್ನು ಹೊರಗೆ ಬಿಟ್ಟೆ. ಪ್ಲೇಟನ್ನು ಮೇಜಿನ ಮೇಲಿಟ್ಟಳು. "ಓದಾಕ ಬರಂಗಿಲ್ರಿ ನನಗ. ಎಲ್ಲೈತಿ ನನ್ನ ಹೆಸರು, ತೋರಸ್ರಿ."

ಬೆರಳಿಟ್ಟು ತೋರಿಸಿದೆ.

"ಅಳಸ್ರಿ."

"ಅಳಿಸಾಕ ಬರೂದಿಲ್ಲ ತಂಗಿ. ಎಲ್ಲಾ ಕಡೆ ಹೋಗ್ಯಾವು."

"ಹಾಡಿದ್ದಕ್ಕ ನನಗ ನಾಚಿಕಿಲ್ರಿ. ರೈಲಿನಾಗ ಖರೆ ಹೇಳಿದ್ರ, ಬೀಗರ ಮನಿಗೆ ಮೊದಲ ನಾನ ಹೋಗಿ ಹೇಳಿ ಬರ್ತಿದ್ದೆ. ಕಾಲು ಹಿಡಿದು ಕೇಳ್ತಿದ್ದೆ." ದನಿ ಏರಿಸಲಿಲ್ಲ. ಪ್ಲೇಟನ್ನು ಅಲ್ಲೇ ಬಿಟ್ಟು ಹೋದಳು.

ಮನೆಗೆ ಬಂದು ಹೇಳಿದಾಗ ಹೆಂಡತಿ ರೊಟ್ಟಿ ಬಡಿಯುವುದನ್ನು ನಿಲ್ಲಿಸಿದಳು. "ರೈಲಿನಾಗ ನಾನೂ ಬಾಜೂಕ ಕುಂತಿದ್ದೆ. ನನ್ನ ಮುಂದ ಕುಂತು ಸುಳ್ಳು ಹೇಳಿದ್ರಿ" ಎಂದಳು. ಮುಂದೆ ನಾನು ಬರೆದ ಯಾವ ಹಾಡನ್ನೂ ಹೆಂಡತಿ ನನ್ನಿಂದ ಓದಿಸಿ ಕೇಳಲಿಲ್ಲ.

ಅದಾದ ಮೇಲೆ ಪ್ಲೇಟು ಮಾಡಿಸುವುದನ್ನು ಬಿಟ್ಟೆನೆಂದು ಬರೆದರೆ ಚಂದ ಕಾಣುತ್ತಿತ್ತು. ಬಿಡಲಿಲ್ಲ. ಇನ್ನೂ ಆರೇಳು ಮಾಡಿಸಿದೆ. ಆ ಒಂದು ಹಾಡಿನಿಂದಲೇ ಜನ ನನ್ನನ್ನು ಗುರುತಿಸುತ್ತಿದ್ದರು, ನಾನೂ ಗುರುತಿಸಿಕೊಳ್ಳುತ್ತಿದ್ದೆ. ಕಾಖಂಡಕಿಯ ಮದುವೆಮನೆಗಳಿಗೆ ಆಕೆ ಹೋಗುವುದನ್ನು ಬಿಟ್ಟಳಂತೆ. ಮಗಳನ್ನು ಟಿಕೋಟಾದ ಆಚೆ, ಎರಡು ಮಕ್ಕಳಿದ್ದ ನಡುವಯಸ್ಸಿನವನಿಗೆ ಕೊಟ್ಟಳಂತೆ.

ಕೆಲವು ವರ್ಷಗಳ ನಂತರ ಟಿಕೋಟಾದ ಬಸ್ ಸ್ಟ್ಯಾಂಡಿನಲ್ಲಿ ಎದುರಾದಳು. ನಾನು ಮುಖ ತಪ್ಪಿಸುವಷ್ಟರಲ್ಲಿ ಆಕೆಯೇ ಸರಿದು ಜಾಗ ಮಾಡಿದಳು.

"ಕುಂದರ್ರಿ ಮಾಸ್ತರ್ರ. ಮನ್ಯಾಗ ಅಕ್ಕಾರು ಆರಾಮದಾರ?"

"ಅದಾಳ. ನೀ ಎಲ್ಲಿಗೆ ಹೊಂಟಿ?"

"ಮಗಳ ಮನಿಗ್ರಿ. ಬಾಣಂತಾನದಾಗ ಕೂಸು ಉಳೀಲಿಲ್ಲ. ಆಕಿ ಮಾತಾಡೂದ ಬಿಟ್ಟಾಳ."

ತಪ್ಪಾಯಿತು ಎನ್ನಬೇಕಿತ್ತು, ಬಸ್ಸು ಬರುವ ದಾರಿ ನೋಡಿದೆ. ಬಸ್ಸು ಬಂತು. ಆಕೆಯ ಚೀಲ ಎತ್ತಿಕೊಡಲು ಹೋದೆ. "ಇರ್ಲಿ ಬಿಡ್ರಿ" ಎಂದು ನನ್ನ ಕೈಯಿಂದ ಚೀಲ ತೆಗೆದುಕೊಂಡು ಮಂದಿಯ ನಡುವೆ ಹತ್ತಿದಳು. ಕಿಟಕಿಯ ಕಡೆ ಜಾಗ ಸಿಕ್ಕಿತ್ತು. ಆಕೆ ಹೊರಗೆ ನೋಡಲಿಲ್ಲ.